ಕಿಜಿಲ್‌ಕುಮ್ ಮರುಭೂಮಿಯ ಯುರ್ಟ್‌ನಲ್ಲಿ ಒಂದು ರಾತ್ರಿ: ಹೊರಡುವವರಿಗೆ ಮಾರ್ಗದರ್ಶಿ

ಉಜ್ಬೇಕಿಸ್ತಾನಕ್ಕೆ ಹೋಗುವ ನಮ್ಮವರ ಪ್ರವಾಸಪಟ್ಟಿಯಲ್ಲಿ ತಾಷ್ಕೆಂಟ್, ಸಮರಕಂದ್, ಬುಖಾರಾ ಈ ಮೂರೂ ಇದ್ದೇ ಇರುತ್ತವೆ. ಬುಖಾರಾದಿಂದ ಸಮರಕಂದಕ್ಕೆ ಅಫ್ರಾಸಿಯಾಬ್ ವೇಗದ ರೈಲು ಎರಡು ಗಂಟೆಯೊಳಗೆ ತಲುಪಿಸಿಬಿಡುವುದರಿಂದ, ಆ ಹಳಿಗಳ ಉತ್ತರಕ್ಕೆ ಏನಿದೆ ಎಂದು ಕೇಳುವವರು ಕಡಿಮೆ. ಅಲ್ಲಿರುವುದು ನುರಾತಾ ಬೆಟ್ಟಸಾಲು. ಅದನ್ನು ದಾಟಿದರೆ ಸುಮಾರು ಮೂರು ಲಕ್ಷ ಚದರ ಕಿಲೋಮೀಟರ್ ಹರಡಿಕೊಂಡಿರುವ ಕಿಜಿಲ್‌ಕುಮ್ ಮರುಭೂಮಿ. ಅದರ ದಕ್ಷಿಣದ ಅಂಚಿನಲ್ಲಿ ಯಂಗಿಗಜ್ಗನ್ ಎಂಬ ಹಳ್ಳಿಯ ಸುತ್ತ ಕಜಾಕ್ ಕುರಿಗಾಹಿ ಕುಟುಂಬಗಳು ಮತ್ತು ಸ್ಥಳೀಯರು ನಡೆಸುವ ಯುರ್ಟ್ ಬಿಡಾರಗಳು. ಯುರ್ಟ್ ಎಂದರೆ ಮರದ ಚೌಕಟ್ಟಿಗೆ ಉಣ್ಣೆಯ ಹಾಸು ಹೊದಿಸಿದ, ಬಿಚ್ಚಿ ಕಟ್ಟಬಹುದಾದ ದುಂಡನೆಯ ಗುಡಾರ. ಈ ಎರಡು ನಗರಗಳ ನಡುವೆ ಒಂದು ರಾತ್ರಿಯನ್ನು ಇಲ್ಲಿ ಕಳೆಯಲು ಪ್ರತ್ಯೇಕ ಪ್ರವಾಸವೇನೂ ಬೇಕಿಲ್ಲ. ರೈಲು ಬಿಟ್ಟು ಕಾರು ಹಿಡಿದರೆ, ಒಂದು ದಿನ ಹೆಚ್ಚು ಇಟ್ಟುಕೊಂಡರೆ ಸಾಕು.

ಆದರೆ ಆ ಒಂದು ರಾತ್ರಿಯನ್ನು ಸರಿಯಾಗಿ ಹೊಂದಿಸಿಕೊಳ್ಳಬೇಕು. ಕತ್ತಲಾದ ಮೇಲೆ ತಲುಪಿ, ಉಂಡು, ಮಲಗಿ, ಬೆಳಿಗ್ಗೆ ಏಳಕ್ಕೇ ಹೊರಟುಬಿಡುವವರಿಗೆ ಅದು ಅನುಕೂಲ ಕಡಿಮೆಯಿರುವ ಒಂದು ವಸತಿಗೃಹವಾಗಿ ಮಾತ್ರ ಕಾಣುತ್ತದೆ. ಮಧ್ಯಾಹ್ನ ನಾಲ್ಕರೊಳಗೆ ಅಲ್ಲಿರಬೇಕು, ಮರುದಿನ ಹತ್ತಕ್ಕಿಂತ ಮೊದಲು ಹೊರಡಬಾರದು. ಮುಂದೆ ಹೇಳುವುದನ್ನೆಲ್ಲ ಈ ಲೆಕ್ಕಕ್ಕೆ ಹೊಂದಿಸಿಯೇ ಹೇಳುತ್ತಿದ್ದೇನೆ.

ಕಾಲವನ್ನು ಆರಿಸುವುದು

ಬೇಸಿಗೆಯ ನಡುವೆ ಕಿಜಿಲ್‌ಕುಮ್‌ನಲ್ಲಿ ಹಗಲಿನ ಉಷ್ಣತೆ 40 ಡಿಗ್ರಿ ಸೆಲ್ಸಿಯಸ್ ದಾಟುವುದು ಸಾಮಾನ್ಯ. ಚಳಿಗಾಲದಲ್ಲಿ ಅದೇ ನೆಲ ಹೆಪ್ಪುಗಟ್ಟುತ್ತದೆ, ಹೆಚ್ಚಿನ ಬಿಡಾರಗಳು ಮುಚ್ಚಿರುತ್ತವೆ. ಆದ್ದರಿಂದ ಏಪ್ರಿಲ್‌ನಿಂದ ಜೂನ್ ಮೊದಲ ವಾರದವರೆಗೆ, ಇಲ್ಲವೇ ಸೆಪ್ಟೆಂಬರ್ ಮತ್ತು ಅಕ್ಟೋಬರ್ ತಿಂಗಳುಗಳಲ್ಲಿ ಹೋಗುವುದು ಒಳ್ಳೆಯದು. ವಸಂತದಲ್ಲಿ ಮರಳಿನ ಮೇಲೆ ಹಸಿರು ಹೊದಿಕೆಯಿದ್ದು, ಅಲ್ಲಲ್ಲಿ ಕೆಂಪು ಗಸಗಸೆ ಹೂಗಳು ಅರಳಿರುತ್ತವೆ, ಹುಲ್ಲಿನ ನಡುವೆ ನೆಲಾಮೆಗಳು ಓಡಾಡುತ್ತಿರುತ್ತವೆ. ಹೊರಗೆ ಬಂದ ಕೆಲವೇ ವಾರಗಳಲ್ಲಿ ಮೇದು ಮುಗಿಸಿ ಅವು ಮತ್ತೆ ಬಿಲ ಸೇರಿಬಿಡುತ್ತವೆ. ನನ್ನನ್ನು ಕೇಳಿದರೆ ಏಪ್ರಿಲ್ ಕೊನೆಯೇ ಮೊದಲ ಆಯ್ಕೆ. ಕಲ್ಲಂಗಡಿ ಮತ್ತು ಕರಬೂಜದ ರುಚಿ ನೋಡಬೇಕೆನ್ನುವವರು ಸೆಪ್ಟೆಂಬರ್ ಆರಿಸಿಕೊಳ್ಳಲಿ.

ತಿಂಗಳು ಗೊತ್ತಾದ ಮೇಲೆ ಪಂಚಾಂಗದಲ್ಲಿ ತಿಥಿಯನ್ನೂ ನೋಡಿ. ನಕ್ಷತ್ರಗಳಿಗಾಗಿ ಹೋಗುವವರು ಅಮಾವಾಸ್ಯೆಯ ಆಸುಪಾಸಿನ ದಿನಗಳನ್ನು ಹಿಡಿಯಬೇಕು; ಹುಣ್ಣಿಮೆಯ ರಾತ್ರಿ ಮರಳದಿಣ್ಣೆಗಳ ಮೇಲೆ ದೀಪವಿಲ್ಲದೆ ನಡೆದಾಡಬಹುದಾದರೂ ಆಕಾಶಗಂಗೆ ಕಾಣುವುದಿಲ್ಲ.

ಕಾಗದಪತ್ರ ಮತ್ತು ಹಣ

ದೆಹಲಿಯಿಂದ ತಾಷ್ಕೆಂಟ್‌ಗೆ ನೇರ ವಿಮಾನಗಳಿದ್ದು, ಸುಮಾರು ಮೂರು ಗಂಟೆಯ ಹಾರಾಟ. ಬೆಂಗಳೂರಿನಿಂದ ಹೊರಡುವವರು ದೆಹಲಿಯಲ್ಲಿ ಬದಲಾಯಿಸಿಕೊಳ್ಳಬಹುದು. ಗಡಿಯಾರವನ್ನು ಅರ್ಧ ಗಂಟೆ ಹಿಂದಕ್ಕೆ ಇಟ್ಟುಕೊಂಡರೆ ಅಲ್ಲಿನ ಸಮಯ. ಭಾರತೀಯ ಪಾಸ್‌ಪೋರ್ಟ್ ಇರುವವರು ಆನ್‌ಲೈನ್‌ನಲ್ಲಿ ಇ-ವೀಸಾ ಪಡೆಯಬಹುದು. ಶುಲ್ಕ ಮತ್ತು ನಿಯಮಗಳು ಬದಲಾಗುತ್ತಿರುವುದರಿಂದ ಉಜ್ಬೇಕಿಸ್ತಾನ ಸರ್ಕಾರದ ಅಧಿಕೃತ ವೀಸಾ ಜಾಲತಾಣದಲ್ಲೇ ನೋಡಿ ಅರ್ಜಿ ಹಾಕಿ, ಮುದ್ರಿತ ಪ್ರತಿಯನ್ನು ಕೈಯಲ್ಲಿಟ್ಟುಕೊಳ್ಳಿ. ಪ್ರತಿಯೊಂದು ಹೋಟೆಲಿನವರೂ ವಿದೇಶಿ ಅತಿಥಿಯ ವಾಸವನ್ನು ನೋಂದಾಯಿಸುತ್ತಾರೆ. ಯುರ್ಟ್ ಬಿಡಾರದಲ್ಲಿ ಆ ನೋಂದಣಿ ಆಗುತ್ತದೆಯೇ ಎಂದು ಕಾಯ್ದಿರಿಸುವಾಗಲೇ ಕೇಳಿ, ಚೀಟಿ ಕೊಟ್ಟರೆ ದೇಶ ಬಿಡುವವರೆಗೂ ಜೋಪಾನವಾಗಿಡಿ.

ಔಷಧಗಳ ವಿಷಯದಲ್ಲಿ ಎಚ್ಚರವಿರಲಿ. ಕೊಡೀನ್, ಟ್ರಮಡಾಲ್ ಇರುವ ನೋವಿನ ಮಾತ್ರೆಗಳು, ನಿದ್ರೆಯ ಮತ್ತು ಮನೋರೋಗದ ಔಷಧಗಳ ಬಗ್ಗೆ ಆ ದೇಶದ ಕಾನೂನು ಬಹಳ ಕಟ್ಟುನಿಟ್ಟು. ಅಂಥವು ಅನಿವಾರ್ಯವಾದರೆ ವೈದ್ಯರ ಚೀಟಿಯೊಂದಿಗೆ ಒಯ್ದು ಸುಂಕದ ಅಧಿಕಾರಿಗಳಿಗೆ ಮೊದಲೇ ತಿಳಿಸಬೇಕು. ಡ್ರೋನನ್ನು ಅನುಮತಿಯಿಲ್ಲದೆ ದೇಶದೊಳಗೆ ತರುವಂತಿಲ್ಲವಾದ್ದರಿಂದ ಮನೆಯಲ್ಲೇ ಬಿಟ್ಟುಹೋಗಿ.

ಬುಖಾರಾ ಬಿಡುವ ಮುನ್ನ ಸ್ಥಳೀಯ ಸೋಮ್ ನೋಟುಗಳನ್ನು ಬೇಕಾದಷ್ಟು ತೆಗೆದಿಟ್ಟುಕೊಳ್ಳಿ. ಡಾಲರಿಗೆ ಹತ್ತು ಸಾವಿರಕ್ಕೂ ಹೆಚ್ಚು ಸೋಮ್ ಬರುವುದರಿಂದ ಕಟ್ಟು ದೊಡ್ಡದಾಗಿಯೇ ಇರುತ್ತದೆ. ಮರಳಿನ ನಡುವೆ ಕಾರ್ಡು ಉಜ್ಜುವ ಯಂತ್ರವನ್ನು ನೆಚ್ಚಿಕೊಳ್ಳಬೇಡಿ.

ಬಿಡಾರ ಕಾಯ್ದಿರಿಸುವಾಗ ಕೇಳಬೇಕಾದದ್ದು

ಬುಖಾರಾ ಮತ್ತು ಸಮರಕಂದದ ಅತಿಥಿಗೃಹಗಳವರೂ ಪ್ರವಾಸ ಸಂಸ್ಥೆಗಳವರೂ ಬಿಡಾರವನ್ನೂ ಕಾರನ್ನೂ ಒಟ್ಟಿಗೆ ಗೊತ್ತುಮಾಡಿಕೊಡುತ್ತಾರೆ. ಖರ್ಚಿನ ದೊಡ್ಡ ಪಾಲು ಕಾರಿನದೇ. ಹೀಗಾಗಿ ಮೂರು-ನಾಲ್ಕು ಜನ ಸೇರಿದರೆ ತಲೆಗೆ ಬೀಳುವ ಮೊತ್ತ ಗಣನೀಯವಾಗಿ ಇಳಿಯುತ್ತದೆ. ಹೇಳಿದ ಬೆಲೆಯಲ್ಲಿ ರಾತ್ರಿಯೂಟ, ಬೆಳಗಿನ ತಿಂಡಿ, ಒಂಟೆ ಸವಾರಿ, ಸರೋವರದ ದಂಡೆಯಲ್ಲಿ ಮಧ್ಯಾಹ್ನದೂಟ, ಚಾಲಕನ ಊಟ ಮತ್ತು ವಸತಿ ಇವುಗಳಲ್ಲಿ ಯಾವುದು ಸೇರಿದೆ, ಯಾವುದು ಇಲ್ಲ ಎಂಬುದನ್ನು ಬರೆದು ತರಿಸಿಕೊಳ್ಳಿ.

ಅದಕ್ಕಿಂತ ಮುಖ್ಯವಾದ ಕೆಲವು ಪ್ರಶ್ನೆಗಳಿವೆ. ಯುರ್ಟ್ ನಮ್ಮ ಕುಟುಂಬಕ್ಕೆ ಮಾತ್ರವೋ, ಅಪರಿಚಿತರೊಂದಿಗೆ ಹಂಚಿಕೊಳ್ಳಬೇಕೋ? ಒಂದು ಯುರ್ಟ್‌ನಲ್ಲಿ ಐದಾರು ಹಾಸಿಗೆ ಹಾಸುವುದು ಅಲ್ಲಿ ಸಹಜ. ಮಲಗುವುದು ಮಂಚದ ಮೇಲೋ ನೆಲದ ಮೇಲೋ? ಮಂಡಿನೋವಿರುವ ಹಿರಿಯರು ಜೊತೆಗಿದ್ದರೆ ಇದನ್ನು ಕೇಳಲೇಬೇಕು. ಶೌಚಾಲಯ ಸಾಮಾನ್ಯವಾಗಿ ಯುರ್ಟ್‌ಗಳಿಂದ ದೂರದಲ್ಲಿ, ಎಲ್ಲರಿಗೂ ಸೇರಿ ಇರುತ್ತದೆ. ಎಷ್ಟು ದೂರ, ದಾರಿಯಲ್ಲಿ ದೀಪವಿದೆಯೇ, ನೀರಿದೆಯೇ ಎಂದು ಸಂಕೋಚವಿಲ್ಲದೆ ಕೇಳಿ. ಸ್ನಾನಕ್ಕೆ ನೀರು ಅಲ್ಲಿ ದೂರದಿಂದ ಬರಬೇಕಾದದ್ದು. ಒಂದು ದಿನ ಸ್ನಾನ ತಪ್ಪಿದರೆ ಏನೂ ಆಗುವುದಿಲ್ಲ, ಸಿಕ್ಕ ನೀರನ್ನು ಹಿತಮಿತವಾಗಿ ಬಳಸುವುದು ಮರ್ಯಾದೆ.

ಇನ್ನೊಂದು ವಿಷಯವನ್ನು ಮನಸ್ಸಿನಲ್ಲಿಟ್ಟುಕೊಂಡು ಹೋಗಬೇಕು. ಇವು ಅತಿಥಿಗಳಿಗಾಗಿ ಕಟ್ಟಿದ ಬಿಡಾರಗಳು. ಋತುವಿನೊಂದಿಗೆ ಜಾಗ ಬದಲಿಸುವ ಅಲೆಮಾರಿ ಗುಂಪು ಇಲ್ಲಿ ಸಿಗುವುದಿಲ್ಲ. 1930ರ ದಶಕದ ಸೋವಿಯತ್ ಸಾಮೂಹಿಕ ಕೃಷಿ ವ್ಯವಸ್ಥೆ ಈ ಹುಲ್ಲುಗಾವಲುಗಳ ಜನರನ್ನು ಬಲವಂತದಿಂದ ಒಂದೆಡೆ ನೆಲೆಯೂರಿಸಿತು, ಹಿಂಡುಗಳನ್ನು ಸರ್ಕಾರ ವಶಪಡಿಸಿಕೊಂಡಿತು. ಇಂದು ಅವರ ಮಕ್ಕಳು ಮೊಮ್ಮಕ್ಕಳು ಯಂಗಿಗಜ್ಗನ್‌ನಂಥ ಹಳ್ಳಿಗಳಲ್ಲಿ ಇಟ್ಟಿಗೆ ಮನೆಯಲ್ಲಿರುತ್ತಾರೆ, ಕರಾಕುಲ್ ಕುರಿ ಮತ್ತು ಒಂಟೆ ಸಾಕುತ್ತಾರೆ. ಯುರ್ಟ್ ಕಟ್ಟುವ, ಉಣ್ಣೆ ಒತ್ತುವ, ಪಟ್ಟಿ ನೇಯುವ ಕೈಗಳು ಇನ್ನೂ ಉಳಿದಿರುವುದಕ್ಕೆ ಈ ಬಿಡಾರಗಳ ದುಡಿಮೆಯೂ ಒಂದು ಕಾರಣ. ಕುಟುಂಬವೇ ನಡೆಸುವ ಸಣ್ಣ ಬಿಡಾರ ಸಿಕ್ಕರೆ ಅದನ್ನೇ ಆರಿಸಿ ಎಂದು ಹೇಳುವುದು ಆ ಕಾರಣಕ್ಕಾಗಿಯೇ.

ಚೀಲ ಕಟ್ಟುವುದು

ದೊಡ್ಡ ಪೆಟ್ಟಿಗೆ ಕಾರಿನಲ್ಲೇ ಇರಲಿ, ರಾತ್ರಿಗೆ ಬೇಕಾದದ್ದು ಒಂದು ಬೆನ್ನಚೀಲದಲ್ಲಿರಲಿ. ಹಗಲು ಎಷ್ಟೇ ಬಿಸಿಲಿದ್ದರೂ ಏಪ್ರಿಲ್ ಮತ್ತು ಅಕ್ಟೋಬರ್‌ನ ರಾತ್ರಿಗಳು ಕರ್ನಾಟಕದ ಯಾವ ಬಯಲೂರಿನವರಿಗೂ ಅಭ್ಯಾಸವಿಲ್ಲದಷ್ಟು ತಣ್ಣಗಿರುತ್ತವೆ. ದಪ್ಪ ಸ್ವೆಟರ್, ಉಣ್ಣೆಯ ಟೋಪಿ, ಕಾಲುಚೀಲ ಕಡ್ಡಾಯ. ಬೆರಳು ಮುಚ್ಚುವ ಬೂಟು, ಹಣೆಗೆ ಕಟ್ಟುವ ಟಾರ್ಚು, ಕುಡಿಯುವ ನೀರಿನ ಬಾಟಲಿಗಳು, ಸನ್‌ಸ್ಕ್ರೀನ್, ಶೌಚಕಾಗದ ಮತ್ತು ಒದ್ದೆ ಒರೆಸುಬಟ್ಟೆಗಳು, ಮೊಬೈಲಿಗೆ ಪವರ್‌ಬ್ಯಾಂಕ್ ಬೇಕು. ಕ್ಯಾಮೆರಾ ಒಯ್ಯುವವರು ಅದನ್ನು ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿಡಿ, ಗಾಳಿ ಎದ್ದಾಗ ನುಣ್ಣನೆಯ ಮರಳು ಎಲ್ಲ ಸಂದಿಗಳಿಗೂ ನುಗ್ಗುತ್ತದೆ.

ದಾರಿ

ಬುಖಾರಾದಿಂದ ಬೆಳಿಗ್ಗೆ ಎಂಟೂವರೆಗೆ ಹೊರಡಿ. ನವೊಯಿ ನಗರಕ್ಕೆ ಹೋಗುವ ಹೆದ್ದಾರಿಯ ಪಕ್ಕದಲ್ಲೇ 11ನೇ ಶತಮಾನದ ರಬಾತಿ ಮಲಿಕ್ ಛತ್ರದ ಹೆಬ್ಬಾಗಿಲು ನಿಂತಿದೆ. ಒಳಗಿನ ಕಟ್ಟಡ ಅಡಿಪಾಯದ ಮಟ್ಟಕ್ಕೆ ಇಳಿದಿದ್ದರೂ ಬಾಗಿಲುವಾಡದ ಸುಟ್ಟ ಮಣ್ಣಿನ ಕೆತ್ತನೆಯನ್ನು ನೋಡಲು ಅರ್ಧ ಗಂಟೆ ಕೊಡಿ. ರಸ್ತೆಯ ಆಚೆ ಬದಿಗೆ ನೆಲಕ್ಕೆ ಬೋರಲು ಹಾಕಿದಂಥ ಇಟ್ಟಿಗೆಯ ಗುಮ್ಮಟವೊಂದಿದೆ. ಅದು ಸರ್ದೋಬಾ, ಅಂದರೆ ವರ್ತಕರ ಸಾರ್ಥಗಳಿಗಾಗಿ ನೀರು ಕೂಡಿಡುತ್ತಿದ್ದ ಮುಚ್ಚಿದ ಕೊಳ. ಒಳಗೆ ಇಣುಕಿದರೆ ಹೊರಗಿನ ಬಿಸಿಲಿನ ನಡುವೆಯೂ ತಂಪು ಮುಖಕ್ಕೆ ತಾಗುತ್ತದೆ. ಮರುಭೂಮಿಯನ್ನು ದಾಟುತ್ತಿದ್ದವರು ನೀರಿನಿಂದ ನೀರಿಗೆ ನಡೆಯುತ್ತಿದ್ದರು ಎಂಬುದು ಇಲ್ಲಿ ಕಣ್ಣಿಗೇ ಕಾಣುತ್ತದೆ.

ನವೊಯಿಯಿಂದ ಉತ್ತರಕ್ಕೆ ತಿರುಗಿ ಮಧ್ಯಾಹ್ನದ ಹೊತ್ತಿಗೆ ನುರಾತಾ ಸೇರಬಹುದು. ಊರಿನ ನಡುವೆ ಚಶ್ಮಾ ಎಂಬ ಪವಿತ್ರ ಬುಗ್ಗೆಯಿದೆ. ಹಜ್ರತ್ ಅಲಿ ಕೋಲೂರಿದಲ್ಲಿ ನೀರು ಚಿಮ್ಮಿತು ಎಂಬುದು ಅಲ್ಲಿನವರ ನಂಬಿಕೆ. ತಿಳಿನೀರಿನಲ್ಲಿ ಕಿಕ್ಕಿರಿದು ಈಜುವ ಮೀನುಗಳನ್ನು ಯಾರೂ ಹಿಡಿಯುವುದಿಲ್ಲ, ತಿನ್ನುವುದಿಲ್ಲ. ಶೃಂಗೇರಿಯ ತುಂಗೆಯ ದಡದಲ್ಲಿ ಮೀನು ನೋಡಿ ಬೆಳೆದವರಿಗೆ ಆ ಭಕ್ತಿ ಅರ್ಥವಾಗಲು ವಿವರಣೆ ಬೇಡ. ಹಿಂದಿನ ಗುಡ್ಡದ ಮೇಲಿರುವ ಮಣ್ಣಿನ ಕೋಟೆಯ ಅವಶೇಷವನ್ನು ಅಲೆಕ್ಸಾಂಡರನ ಹೆಸರಿನಿಂದ ಕರೆಯುತ್ತಾರೆ. ಏರಿ ನಿಂತರೆ ಒಂದು ಕಡೆ ಊರಿನ ಹಸಿರು, ಇನ್ನೊಂದು ಕಡೆ ಬಣ್ಣವಿಲ್ಲದ ಬಯಲು. ಊಟ ಇಲ್ಲೇ ಮುಗಿಸಿ, ನೀರು ಮತ್ತು ಹಣ್ಣು ಕೊಂಡುಕೊಂಡು, ಎರಡೂವರೆಯ ಸುಮಾರಿಗೆ ಹೊರಟರೆ ಒಂದು ಗಂಟೆಯ ಆಚೀಚೆ ಯಂಗಿಗಜ್ಗನ್ ಕಡೆಯ ಬಿಡಾರದಲ್ಲಿರುತ್ತೀರಿ. ಕೊನೆಯ ತುಣುಕು ಮರಳಿನ ಹಾದಿ. ಸಾಮಾನ್ಯ ಕಾರು ಸಾಗುತ್ತದೆಯೇ ಎಂದು ಚಾಲಕ ಬಿಡಾರದವರಿಗೆ ಫೋನು ಮಾಡಿ ಖಚಿತಪಡಿಸಿಕೊಳ್ಳಲಿ.

ಯುರ್ಟ್‌ನೊಳಗೆ

ಚೀಲ ಇಳಿಸಿದ ಕೂಡಲೇ ಮರಳದಿಣ್ಣೆಯ ಕಡೆ ಓಡಬೇಡಿ. ಹತ್ತು ನಿಮಿಷ ಒಳಗೆ ಅಂಗಾತ ಮಲಗಿ ಮೇಲೆ ನೋಡಿ. ನೆತ್ತಿಯ ಮೇಲೆ ಮರದ ದುಂಡನೆಯ ಚೌಕಟ್ಟು, ಅದರೊಳಗೆ ಅಡ್ಡಡ್ಡ ಬಾಗಿದ ಕಡ್ಡಿಗಳು. ಇದೇ ಶಾಂಗಿರಾಕ್. ಹೊಗೆ ಹೋಗುವುದೂ ಬೆಳಕು ಬರುವುದೂ ಇಲ್ಲಿಂದಲೇ. ಕಜಾಕ್‌ಸ್ತಾನದ ರಾಷ್ಟ್ರಲಾಂಛನದ ನಡುವೆ ಇರುವುದು ಈ ಶಾಂಗಿರಾಕ್. ಕಿರ್ಗಿಜ್‌ಸ್ತಾನದ ಬಾವುಟದಲ್ಲಿಯೂ ಇದೇ ಆಕೃತಿ, ತುಂದುಕ್ ಎಂಬ ಹೆಸರಿನಲ್ಲಿ. ಅದರ ಅಂಚಿನ ತೂತುಗಳಿಗೆ ಸಿಕ್ಕಿಸಿದ ಉದ್ದನೆಯ ಬಾಗು ಗಳುಗಳು ಉಯ್ಕ್. ಆ ಗಳುಗಳ ಕೆಳತುದಿಯನ್ನು ಹೊತ್ತು ನಿಂತ, ಹಿಗ್ಗಿಸಿ ಕುಗ್ಗಿಸಬಹುದಾದ ಜಾಲರಿಯ ಗೋಡೆ ಕೆರೆಗೆ. ಜಾಲರಿಯ ಪಟ್ಟಿಗಳು ಒಂದನ್ನೊಂದು ದಾಟುವ ಕಡೆ ಬೆರಳಿಟ್ಟು ನೋಡಿ, ಚರ್ಮದ ಸಣ್ಣ ಗಂಟು ಸಿಗುತ್ತದೆ. ಕಬ್ಬಿಣದ ಮೊಳೆಯಿಲ್ಲದೆ ಆ ಹಸಿ ಚರ್ಮದ ಗಂಟುಗಳ ಮೇಲೆಯೇ ಇಡೀ ಗೋಡೆ ಮಡಚುತ್ತದೆ, ಬಿಚ್ಚಿಕೊಳ್ಳುತ್ತದೆ. ಯುರ್ಟ್‌ನ ಗಾತ್ರವನ್ನು ಹೇಳುವುದೂ ಇಂಥ ಜಾಲರಿಯ ತುಂಡುಗಳು ಎಷ್ಟು ಎಂಬ ಲೆಕ್ಕದಲ್ಲಿ.

ಮೇಲೆ ಹೊದಿಸಿರುವುದು ಫೆಲ್ಟ್. ನಮ್ಮ ಕುರುಬರ ಕಂಬಳಿಯಂತೆ ಇದೂ ಕುರಿಯ ಉಣ್ಣೆಯದೇ, ಆದರೆ ಮಗ್ಗದಲ್ಲಿ ನೇಯ್ದದ್ದಲ್ಲ. ಬಿಡಿಸಿದ ಉಣ್ಣೆಯನ್ನು ಹುಲ್ಲಿನ ಚಾಪೆಯ ಮೇಲೆ ಪದರ ಪದರವಾಗಿ ಹರಡಿ, ಬಿಸಿನೀರು ಎರಚಿ, ಸುರುಳಿ ಸುತ್ತಿ, ಹಲವರು ಸೇರಿ ಉರುಳಿಸಿ ತುಳಿದು ಒತ್ತಿದಾಗ ಎಳೆಗಳು ಒಂದರೊಳಗೊಂದು ಸಿಕ್ಕಿಕೊಂಡು ದಪ್ಪ ಹಾಸಾಗುತ್ತದೆ. ಚಳಿಯಲ್ಲಿ ಬಿಸಿಯನ್ನು ಒಳಗೇ ಹಿಡಿಯುತ್ತದೆ. ಸೆಕೆಯಲ್ಲಿ ಕೆಳಗಿನ ಅಂಚನ್ನು ಮೇಲಕ್ಕೆ ಸುತ್ತಿ ಕಟ್ಟಿದರೆ ಜಾಲರಿಯ ಮೂಲಕ ಗಾಳಿ ಆಡುತ್ತದೆ. ಒಳಗೆ ಸೆಕೆಯೆನಿಸಿದರೆ ಫ್ಯಾನ್ ಕೇಳುವ ಬದಲು ಅಂಚು ಎತ್ತಿಕೊಡಲು ಹೇಳಿ. ಮನೆಯವರಿಗೆ ಅದು ಸಂತೋಷದ ಕೋರಿಕೆ. ಕಜಾಕ್ ಮತ್ತು ಕಿರ್ಗಿಜ್ ಯುರ್ಟ್ ಕಟ್ಟುವ ಈ ಜ್ಞಾನ 2014ರಲ್ಲಿ ಯುನೆಸ್ಕೋದ ಅಮೂರ್ತ ಪರಂಪರೆಯ ಪಟ್ಟಿಗೆ ಸೇರಿತು.

ನಡೆದುಕೊಳ್ಳಬೇಕಾದ ರೀತಿ ಸರಳ. ಪಾದರಕ್ಷೆ ಹೊರಗೆ, ಹೊಸ್ತಿಲನ್ನು ತುಳಿಯದೆ ದಾಟಿ ಬನ್ನಿ. ಬಾಗಿಲಿಗೆ ನೇರ ಎದುರಿನ ಜಾಗ ತೋರ್ ಎಂಬ ಗೌರವದ ಸ್ಥಾನ. ಕೂರಿಸಿದರೆ ಕೂರಿ, ನೀವಾಗಿಯೇ ಹೋಗಿ ಆಕ್ರಮಿಸಬೇಡಿ. ರೊಟ್ಟಿಯನ್ನು ಬೋರಲು ಇಡಬಾರದು, ನೆಲದ ಮೇಲೆ ಹಾಕಬಾರದು. ಚಹಾ ಬಂದಾಗ ಆತಿಥೇಯರು ಮೊದಲು ಬಟ್ಟಲಿಗೆ ಸುರಿದು ಮತ್ತೆ ಕುಡಿಕೆಗೇ ಹಿಂದಿರುಗಿಸಿ, ಹೀಗೆ ಮೂರು ಬಾರಿ ಮಾಡಿ ಆಮೇಲೆ ಕೊಡಬಹುದು. ಚಹಾ ಹದವಾಗಿ ಬೆರೆಯಲಿ ಎಂದು. ಬಟ್ಟಲು ಅರ್ಧವೇ ತುಂಬಿದ್ದರೆ ಜಿಪುಣತನವೆಂದುಕೊಳ್ಳಬೇಡಿ, ಅದು ಆದರ, ಮತ್ತೆ ಮತ್ತೆ ಬಡಿಸುವ ಅವಕಾಶ. ಬಲಗೈಯನ್ನು ಎದೆಯ ಮೇಲಿಟ್ಟು ‘ರಹ್ಮತ್’ ಎಂದರೆ ಧನ್ಯವಾದ ಸಂದಿತು.

ಊಟ, ವಿಶೇಷವಾಗಿ ಸಸ್ಯಾಹಾರಿಗಳಿಗೆ

ಮಾಂಸ ತಿನ್ನುವವರಿಗೆ ಇಲ್ಲಿ ಹೇಳಬೇಕಾದದ್ದು ಏನೂ ಇಲ್ಲ, ಚೆನ್ನಾಗಿ ಉಣ್ಣುತ್ತೀರಿ. ಸಸ್ಯಾಹಾರಿಗಳು ಮಾತ್ರ ಕಾಯ್ದಿರಿಸುವಾಗ ಒಮ್ಮೆ, ನುರಾತಾದಿಂದ ಚಾಲಕನ ಫೋನಿನಲ್ಲಿ ಇನ್ನೊಮ್ಮೆ ತಿಳಿಸಬೇಕು. ಮರಳಿನ ನಡುವೆ ಕೊನೆಯ ಗಳಿಗೆಯಲ್ಲಿ ತರಕಾರಿ ತರುವುದು ಸಾಧ್ಯವಿಲ್ಲ. ‘ಮೆನ್ ಗೋಷ್ತ್ ಯೆಮಾಯ್‌ಮನ್’, ಅಂದರೆ ನಾನು ಮಾಂಸ ತಿನ್ನುವುದಿಲ್ಲ, ಎಂಬ ವಾಕ್ಯವನ್ನು ಕಲಿತುಕೊಳ್ಳಿ. ಅಷ್ಟು ಹೇಳಿದರೂ ಶುರ್ಪಾ ಸಾರಿನಿಂದ ಮಾಂಸದ ತುಂಡುಗಳನ್ನು ತೆಗೆದು ತಂದುಕೊಡುವುದುಂಟು, ಅಡುಗೆಗೆ ಕುರಿಯ ಬಾಲದ ಕೊಬ್ಬು ಬಳಸುವುದೂ ಉಂಟು. ಅದರಲ್ಲಿ ಕೆಡುಕಿಲ್ಲ, ಮಾಂಸವೇ ಆಹಾರದ ಬೇರಾಗಿರುವ ನೆಲದ ತಿಳಿವಳಿಕೆ ಅದು. ಆದ್ದರಿಂದ ಎಣ್ಣೆ ಮತ್ತು ಸಾರಿನ ಬಗ್ಗೆಯೂ ಬಿಡಿಸಿ ಹೇಳಬೇಕು. ನೆಚ್ಚಬಹುದಾದದ್ದು ನಾನ್ ರೊಟ್ಟಿ, ಟೊಮೇಟೊ ಈರುಳ್ಳಿಯ ಅಚ್ಚಿಚುಕ್, ಆಲೂಗಡ್ಡೆ, ಮೊಟ್ಟೆ ತಿನ್ನುವವರಿಗೆ ಮೊಟ್ಟೆ, ಕೈಮಾಕ್ ಎಂಬ ಕೆನೆ, ಒಣದ್ರಾಕ್ಷಿ, ಜರ್ದಾಳು, ಹಣ್ಣು. ಒಂದು ಪೊಟ್ಟಣ ಚಟ್ನಿಪುಡಿ ಮತ್ತು ಬಿಸಿನೀರಿನಲ್ಲಿ ಕಲಸಿಕೊಳ್ಳುವ ಅವಲಕ್ಕಿ ಜೊತೆಗಿದ್ದರೆ ನಿಶ್ಚಿಂತೆ.

ಒಂಟೆಯ ಹಾಲನ್ನು ಹುಳಿಬರಿಸಿದ ಶುಬಾತ್ ಕೊಟ್ಟರೆ ರುಚಿ ನೋಡುವ ಆಸೆ ಸಹಜ. ಅದು ಕಾಯಿಸದ ಹಾಲಿನದಾಗಿರುವುದರಿಂದ ಬ್ರುಸೆಲ್ಲಾ ಸೋಂಕಿನ ಅಪಾಯವಿದೆ. ಗರ್ಭಿಣಿಯರು, ಮಕ್ಕಳು, ರೋಗನಿರೋಧಕ ಶಕ್ತಿ ಕುಂದಿರುವವರು ನಯವಾಗಿ ನಿರಾಕರಿಸಲಿ.

ಸಂಜೆ ಮತ್ತು ರಾತ್ರಿ

ಮೇ ನಡುವೆ ಸೂರ್ಯ ಮುಳುಗುವುದು ಸಂಜೆ 7.40ರ ಸುಮಾರಿಗೆ, ಸೆಪ್ಟೆಂಬರ್ ಕೊನೆಗೆ 6.30ರ ಸುಮಾರಿಗೆ. ಅದಕ್ಕೆ ಒಂದೂವರೆ ಗಂಟೆ ಮುಂಚೆ ಒಂಟೆ ಸವಾರಿ ಇಟ್ಟುಕೊಳ್ಳಿ. ಇವು ಲಡಾಖಿನ ನುಬ್ರಾ ಕಣಿವೆಯಲ್ಲಿ ಕಾಣುವ ಜಾತಿಯವೇ ಆದ ಎರಡು ಡುಬ್ಬದ ಒಂಟೆಗಳು. ಎರಡು ಡುಬ್ಬಗಳ ನಡುವೆ ಕೂರುವುದರಿಂದ ಜಾರುವ ಭಯ ಕಡಿಮೆ. ಆದರೆ ಒಂಟೆ ಏಳುವಾಗ ಹಿಂಗಾಲನ್ನು ಮೊದಲು ಎತ್ತುತ್ತದೆ, ಕೂರುವಾಗ ಮುಂಗಾಲನ್ನು ಮೊದಲು ಮಡಚುತ್ತದೆ. ಎರಡು ಸಲವೂ ಸವಾರ ಮುಂದಕ್ಕೆ ಮುಗ್ಗರಿಸುತ್ತಾನೆ. ಎರಡು ಸಲವೂ ಬೆನ್ನನ್ನು ಹಿಂದಕ್ಕೆ ಒರಗಿಸಿ, ತಡಿಯನ್ನು ಗಟ್ಟಿಯಾಗಿ ಹಿಡಿಯಿರಿ. ವಸಂತದ ಕೊನೆಯಲ್ಲಿ ಉಣ್ಣೆ ಕಿತ್ತು ಕಿತ್ತು ನೇತಾಡುತ್ತಿದ್ದರೆ ರೋಗವೆಂದು ಹೆದರಬೇಡಿ, ಅದು ಪ್ರತಿವರ್ಷದ ಉದುರುವಿಕೆ. ಆದರೆ ಬೆನ್ನಿನಲ್ಲಿ ತಡಿ ಉಜ್ಜಿದ ಹಸಿ ಹುಣ್ಣು ಕಂಡರೆ ಆ ಪ್ರಾಣಿಯ ಮೇಲೆ ಹತ್ತಬೇಡಿ, ಕಾರಣವನ್ನೂ ಹೇಳಿ.

ಸವಾರಿ ಮುಗಿಸಿ ದಿಣ್ಣೆಗಳ ಕಡೆ ನಡೆದುಹೋಗುವಾಗ ಬಿಡಾರ ಕಣ್ಣಿಗೆ ಕಾಣುವಷ್ಟು ದೂರದಲ್ಲೇ ಇರಿ. ಒಂದು ದಿಣ್ಣೆಯಂತೆಯೇ ಇನ್ನೊಂದು ಇರುವುದರಿಂದ ಕತ್ತಲಲ್ಲಿ ದಿಕ್ಕು ತಪ್ಪುವುದು ಸುಲಭ. ಮರಳಿನಲ್ಲಿ ಬೆಳೆದ ಗಂಟುಗಂಟಾದ ಪೊದೆ ಸಕ್ಸಾವುಲ್. ಅದರ ಬೇರುಗಳೇ ಮರಳು ಹಾರದಂತೆ ಹಿಡಿದಿವೆ. ಕಟ್ಟಿಗೆ ನೀರಿನಲ್ಲಿ ಮುಳುಗುವಷ್ಟು ಭಾರ, ಉರಿ ಕಲ್ಲಿದ್ದಲಿನಂತೆ ಗಟ್ಟಿ. ಬೆಳೆಯುವುದು ಮಾತ್ರ ಬಹಳ ನಿಧಾನ. ಊಟದ ನಂತರ ಬೆಂಕಿಯ ಸುತ್ತ ಕೂತು, ದೋಂಬ್ರಾ ನುಡಿಸುವ ಹಾಡುಗಾರರು ಬಂದಿದ್ದರೆ ಕೇಳುವುದು ಒಳ್ಳೆಯ ಸಂಜೆಯೇ, ಆದರೆ ಫೋಟೋ ಚೆನ್ನಾಗಿ ಬರಲಿ ಎಂದು ಇನ್ನಷ್ಟು ಕಟ್ಟಿಗೆ ಹಾಕಿಸಬೇಡಿ.

ಬೆಂಕಿ ಆರಿ, ಜನರೇಟರ್ ನಿಂತ ಮೇಲೆ ಆಕಾಶ ನೋಡಿ. ಬೆಂಗಳೂರು ಸುಮಾರು 13 ಡಿಗ್ರಿ ಉತ್ತರ ಅಕ್ಷಾಂಶದಲ್ಲಿದೆ, ಈ ಜಾಗ ಸುಮಾರು 41 ಡಿಗ್ರಿಯಲ್ಲಿ. ನಮ್ಮಲ್ಲಿ ದಿಗಂತದ ಮಬ್ಬಿನಲ್ಲಿ ಹುಡುಕಬೇಕಾದ ಧ್ರುವ ನಕ್ಷತ್ರ ಇಲ್ಲಿ ಅದರ ಮೂರು ಪಟ್ಟು ಎತ್ತರದಲ್ಲಿ ನಿಂತಿರುತ್ತದೆ, ಸಪ್ತರ್ಷಿ ಮಂಡಲ ಬಹುಮಟ್ಟಿಗೆ ಮುಳುಗುವುದೇ ಇಲ್ಲ. ಬದಲಿಗೆ ನಮ್ಮ ದಕ್ಷಿಣದ ಆಕಾಶದ ಅಗಸ್ತ್ಯ ಈ ಅಕ್ಷಾಂಶದಲ್ಲಿ ವರ್ಷದ ಯಾವ ರಾತ್ರಿಯೂ ಉದಯಿಸುವುದಿಲ್ಲ. ಮಕ್ಕಳಿಗೆ ಭೂಮಿ ದುಂಡಗಿದೆ ಎಂದು ತೋರಿಸಿಕೊಡಲು ಇದಕ್ಕಿಂತ ಒಳ್ಳೆಯ ಪಾಠ ಸಿಗಲಾರದು.

ಮಲಗುವ ಮುನ್ನ ಬೂಟುಗಳನ್ನು ಒಳಗೆ ತಂದಿಡಿ, ಬೆಳಿಗ್ಗೆ ಕೊಡವಿಯೇ ಹಾಕಿಕೊಳ್ಳಿ, ಚೇಳಿರುವ ನೆಲವಿದು. ರಾತ್ರಿ ಶೌಚಕ್ಕೆ ಎದ್ದಾಗ ಟಾರ್ಚಿಲ್ಲದೆ, ಬರಿಗಾಲಿನಲ್ಲಿ ಹೊರಗೆ ಹೆಜ್ಜೆಯಿಡಬೇಡಿ, ವಿಷದ ಹಾವುಗಳೂ ಇವೆ. ಕುರಿ ಒಂಟೆಗಳ ನಡುವೆ ಓಡಾಡಿದವರು ಮೈಮೇಲೆ ರಕ್ತ ಹೀರುವ ಉಣುಗು ಕಚ್ಚಿಕೊಂಡಿದೆಯೇ ಎಂದು ಮಂಡಿಯ ಹಿಂದೆ, ಸೊಂಟದ ಸುತ್ತ, ಕಿವಿಯ ಹಿಂದೆ ನೋಡಿಕೊಳ್ಳಬೇಕು. ಅವುಗಳಿಂದ ಕ್ರಿಮಿಯನ್-ಕಾಂಗೋ ಜ್ವರ ಹರಡುವ ಪ್ರದೇಶವಿದು. ಊರಿಗೆ ಮರಳಿದ ಎರಡು ವಾರದೊಳಗೆ ಜ್ವರ ಬಂದರೆ ಈ ಪ್ರಯಾಣದ ವಿಷಯವನ್ನು ವೈದ್ಯರಿಗೆ ಮರೆಯದೆ ಹೇಳಿ.

ಮರುದಿನ

ಸೂರ್ಯೋದಯಕ್ಕೆ ಎದ್ದರೆ ರಾತ್ರಿಯಿಡೀ ಯಾರು ಓಡಾಡಿದರು ಎಂಬುದು ಮರಳಿನ ಮೇಲೆ ಬರೆದಿರುತ್ತದೆ. ಜೀರುಂಡೆಯ ಹೆಜ್ಜೆಗಳು ಹೊಲಿಗೆಯ ಎರಡು ಸಾಲುಗಳಂತೆ ಕಾಣುತ್ತವೆ, ಜೆರ್ಬೊವಾ ಎಂಬ ಮರಳಿಲಿಯ ಗುರುತುಗಳು ಜೋಡಿ ಜೋಡಿಯಾಗಿ, ದೂರ ದೂರ. ಗಾಳಿ ಎದ್ದರೆ ಒಂದು ಗಂಟೆಯಲ್ಲಿ ಎಲ್ಲ ಅಳಿಸಿಹೋಗುವುದರಿಂದ ತಿಂಡಿಗೆ ಮೊದಲೇ ಈ ನಡಿಗೆ ಮುಗಿಸಿ.

ಹತ್ತರ ಮೇಲೆ ಹೊರಟು ಅಯ್ದರ್‌ಕುಲ್ ಸರೋವರಕ್ಕೆ ಹೋಗಿ. ಮರುಭೂಮಿಯ ನಡುವೆ ಕಡಲಿನಂತೆ ಹರಡಿರುವ ಈ ನೀರು 1969ರ ಪ್ರವಾಹದ ಕೂಸು. ಆ ವರ್ಷ ಸಿರ್ ದರ್ಯಾ ನದಿ ಉಕ್ಕಿ, ಚರ್ದರಾ ಜಲಾಶಯ ತಡೆಯಲಾರದೆ ಹೋದಾಗ ನೀರನ್ನು ಅರ್ನಾಸಾಯ್ ತಗ್ಗಿಗೆ ಬಿಟ್ಟರು. ಹತ್ತಿಯ ಹೊಲಗಳಿಗೆ ನದಿಯನ್ನು ತಿರುಗಿಸಿದ್ದರಿಂದ ಅರಾಲ್ ಸಮುದ್ರ ಒಣಗುತ್ತಿದ್ದ ಅದೇ ದಶಕಗಳಲ್ಲಿ, ಅದೇ ನದಿಯ ನೀರಿನಿಂದ ಈ ಸರೋವರ ಬೆಳೆಯಿತು. 2008ರಿಂದ ಇದು ರಾಮ್ಸಾರ್ ತಾಣ, ಅಂದರೆ ಅಂತರರಾಷ್ಟ್ರೀಯ ಮಹತ್ವದ ಜೌಗು ಪ್ರದೇಶ; ಹಕ್ಕಿ ನೋಡುವವರು ದೂರದರ್ಶಕ ತಂದಿರಲಿ. ನೀರು ಸ್ವಲ್ಪ ಉಪ್ಪು, ದಡದಲ್ಲಿ ಅಲ್ಲಲ್ಲಿ ಕೆಸರು ಮತ್ತು ಜೊಂಡು. ಜೀವರಕ್ಷಕರು ಇಲ್ಲದ ಕಾರಣ ಈಜು ಬರುವವರೂ ಎದೆಮಟ್ಟ ದಾಟುವುದು ಬೇಡ.

ಇಲ್ಲಿಂದ ಸಮರಕಂದಕ್ಕೆ ನಾಲ್ಕು ಗಂಟೆಯ ಮೇಲೆಯೇ ಹಿಡಿಯುತ್ತದೆ, ರಸ್ತೆ ಎಲ್ಲ ಕಡೆಯೂ ಚೆನ್ನಾಗಿಲ್ಲ. ಬಿಡಾರದಲ್ಲಿ ಆದ ನಿಮ್ಮ ಪ್ಲಾಸ್ಟಿಕ್ ಕಸವನ್ನು ಕಾರಿನಲ್ಲಿ ಹಾಕಿಕೊಂಡು ನಗರದಲ್ಲಿ ವಿಲೇವಾರಿ ಮಾಡಿ, ಮರಳಿನಲ್ಲಿ ಅದನ್ನು ಒಯ್ಯುವ ಗಾಡಿ ಬರುವುದಿಲ್ಲ. ಆ ಸಂಜೆಯೇ ಸಮರಕಂದದಿಂದ ತಾಷ್ಕೆಂಟ್‌ಗೆ ಅಫ್ರಾಸಿಯಾಬ್ ರೈಲಿನ ಟಿಕೆಟ್ ಮಾಡಿಸಬೇಡಿ. ಆ ರಾತ್ರಿ ಸಮರಕಂದದಲ್ಲೇ ತಂಗಿ, ಮುಂದಿನ ಟಿಕೆಟ್ಟನ್ನು ಮಾತ್ರ ಬೇಗನೆ ಕಾಯ್ದಿರಿಸಿ. ವಸಂತ ಮತ್ತು ಶರತ್ಕಾಲದಲ್ಲಿ ಅವು ದಿನಗಳ ಮೊದಲೇ ಮುಗಿದುಹೋಗುತ್ತವೆ.